ಗ್ರಾಸ್ ಎಷ್ಟು ಅನ್ನುವುದಕ್ಕಿಂತ ಮೊದಲು, ಬೇಸಿಕ್ ಸರಿಯಿದೆಯೇ ನೋಡಿ

ಪ್ರಶ್ನೆ: ಚಳ್ಳಕೆರೆಯ ಸರ್ಕಾರಿ ಕಚೇರಿಯೊಂದರಲ್ಲಿ ಪ್ರಥಮ ದರ್ಜೆ ಸಹಾಯಕಿಯಾಗಿದ್ದೇನೆ. ಚಿತ್ರದುರ್ಗದಲ್ಲಿ ಬಾಡಿಗೆ ಮನೆ ಮಾಡಿಕೊಂಡು ದಿನಾ ಬಸ್ಸಿನಲ್ಲಿ ಓಡಾಡುತ್ತೇನೆ. 2022ರ ಜುಲೈ 1ಕ್ಕೆ ಹಳೇ ವೇತನ ಶ್ರೇಣಿಯಲ್ಲಿ ನನ್ನ ಮೂಲ ವೇತನ 28,950 ರೂ. ಇತ್ತು. 2025ರ ಜುಲೈ ಪೇ ಸ್ಲಿಪ್‌ನಲ್ಲಿ ಬೇಸಿಕ್ (ಮೂಲ ವೇತನ) 50,300, ಗ್ರಾಸ್ (ಕಡಿತಕ್ಕೆ ಮುಂಚಿನ ಒಟ್ಟು ಸಂಬಳ) 60,735 ಎಂದಿದೆ. ಮೊಬೈಲಿನ ಸ್ಯಾಲರಿ ಕ್ಯಾಲ್ಕುಲೇಟರ್‌ಗೆ ಅದೇ ಬೇಸಿಕ್ ಹಾಕಿದರೆ 75,902 ತೋರಿಸುತ್ತದೆ. ನನಗೆ ತಿಂಗಳಿಗೆ 15 ಸಾವಿರ ಕಡಿಮೆ ಬರುತ್ತಿದೆಯೇ? ನನ್ನ ಜೊತೆಗೇ ಕೆಲಸಕ್ಕೆ ಸೇರಿದ ಗೆಳತಿಗೆ ಬೆಂಗಳೂರಿನಲ್ಲಿ ಆರು ಸಾವಿರಕ್ಕೂ ಹೆಚ್ಚು ಬರುತ್ತಿದೆ. ಮನೆ ಸಾಲಕ್ಕೆ ಬ್ಯಾಂಕಿನವರು ಗ್ರಾಸ್ ಎಷ್ಟು ಎಂದು ಕೇಳುತ್ತಿದ್ದಾರೆ. ಯಾವ ಅಂಕಿ ಹೇಳಲಿ?

ಉತ್ತರ: ಮೊದಲು ಸಮಾಧಾನ ಮಾಡಿಕೊಳ್ಳಿ. ನಿಮ್ಮ ಜುಲೈ ಸ್ಲಿಪ್ ಸರಿಯಾಗಿದೆ, ತಪ್ಪಿರುವುದು ಕ್ಯಾಲ್ಕುಲೇಟರ್. ನೀವು ಬರೆದ 75,902ನ್ನು ಬಿಡಿಸಿ ನೋಡಿದೆ. 50,300ಕ್ಕೆ ಶೇ 42.5ರಂತೆ 21,378 ತುಟ್ಟಿಭತ್ಯೆ, ಶೇ 8ರಂತೆ 4,024 ಮನೆ ಬಾಡಿಗೆ ಭತ್ಯೆ, ಮೇಲೆ 200 ವೈದ್ಯಕೀಯ ಭತ್ಯೆ. ಕೂಡಿದರೆ ಸರಿಯಾಗಿ 75,902. ಈ ದರಗಳೆಲ್ಲ ಆರನೇ ವೇತನ ಆಯೋಗದ ಕಾಲದವು, 2024ರ ಜುಲೈಗೇ ಮುಗಿದುಹೋದವು. ಆ ಕ್ಯಾಲ್ಕುಲೇಟರ್ ಮಾಡಿದವರು ಹೊಸ ಬೇಸಿಕ್ಕಿಗೆ ಹಳೇ ದರ ಹಚ್ಚಿದ್ದಾರೆ. ಹಳೇ ತುಟ್ಟಿಭತ್ಯೆಯ ಶೇ 42.5ರ ಪೈಕಿ ಶೇ 31 ಈಗಾಗಲೇ ನಿಮ್ಮ ಹೊಸ ಬೇಸಿಕ್ಕಿನೊಳಗೆ ಸೇರಿಹೋಗಿದೆ. ಅದನ್ನೇ ಹೊರಗಡೆಯಿಂದ ಇನ್ನೊಮ್ಮೆ ಕೂಡಿದರೆ ಒಂದೇ ದುಡ್ಡನ್ನು ಎರಡು ಸಲ ಎಣಿಸಿದಂತೆ.

ದಾವಣಗೆರೆ, ಚಿತ್ರದುರ್ಗ ಎರಡೂ ಕಡೆ ಸೇರಿ ನನ್ನ ಸರ್ವೀಸಿನ ಬಹುಭಾಗ ಬಿಲ್ ಶಾಖೆಯಲ್ಲೇ ಕಳೆದಿದೆ. ಅಲ್ಲಿ ಕಲಿತದ್ದು ಇಷ್ಟು: ಗ್ರಾಸ್ ಸರಿಯಿಲ್ಲ ಎಂದು ಬರುವ ಹತ್ತು ಜನರಲ್ಲಿ ಹೆಚ್ಚಿನವರು ಭತ್ಯೆಯ ದರ ಹಿಡಿದುಕೊಂಡು ವಾದ ಮಾಡುತ್ತಾರೆ. ಭತ್ಯೆಯ ದರ ಸರ್ಕಾರದ ಆದೇಶದಲ್ಲೇ ಇರುತ್ತದೆ, ಅದನ್ನು ಸಂಬಳದ ಬಿಲ್ ಮಾಡುವ ಕಂಪ್ಯೂಟರ್ ವ್ಯವಸ್ಥೆ ಎಚ್‌ಆರ್‌ಎಂಎಸ್ ತಾನೇ ಹಾಕಿಕೊಳ್ಳುತ್ತದೆ, ಅಲ್ಲಿ ತಪ್ಪಾಗುವುದು ಕಡಿಮೆ. ತಪ್ಪಾದರೆ ಆಗುವುದು ಬೇಸಿಕ್‌ನಲ್ಲಿ. ಅದು ಒಬ್ಬೊಬ್ಬರದು ಒಂದೊಂದು, ಸೇವಾ ಪುಸ್ತಕ ನೋಡಿ ಕೈಯಿಂದ ನಿಗದಿ ಮಾಡಿದ್ದು. ಹಾಗಾಗಿ ನಿಮ್ಮ 50,300 ಎಲ್ಲಿಂದ ಬಂತು ಎಂದು ಮೊದಲು ನೋಡೋಣ.

ಕೆ. ಸುಧಾಕರ್ ರಾವ್ ಅಧ್ಯಕ್ಷತೆಯ ಏಳನೇ ರಾಜ್ಯ ವೇತನ ಆಯೋಗದ ವರದಿಯಂತೆ 2022ರ ಜುಲೈ 1ಕ್ಕೆ ಇದ್ದ ಮೂಲ ವೇತನಕ್ಕೆ ಆಗಿನ ಶೇ 31 ತುಟ್ಟಿಭತ್ಯೆಯನ್ನೂ ಶೇ 27.5 ಫಿಟ್‌ಮೆಂಟನ್ನೂ (ಪರಿಷ್ಕರಣೆಯಲ್ಲಿ ಸಿಗುವ ಹೆಚ್ಚಳ) ಸೇರಿಸಬೇಕು. ಎರಡೂ ಕೂಡಿ ಶೇ 58.5. ನಿಮ್ಮ 28,950ಕ್ಕೆ ಶೇ 31 ಅಂದರೆ 8,975, ಶೇ 27.5 ಅಂದರೆ 7,961. ಮೂರನ್ನೂ ಕೂಡಿದರೆ 45,886. ಹೊಸ ಶ್ರೇಣಿಯಲ್ಲಿ ಈ ಅಂಕಿಯ ಹಂತವಿಲ್ಲ. ಪ್ರಥಮ ದರ್ಜೆ ಸಹಾಯಕರ ಶ್ರೇಣಿ ಈಗ 44,425ರಿಂದ 83,700. ಅದರಲ್ಲಿ ಮೊದಲ ಹಂತಗಳು 44,425, 45,550, 46,675, 47,800 ಹೀಗೆ 1,125ರಂತೆ ಏರುತ್ತವೆ. 45,886ಕ್ಕಿಂತ ಮೇಲಿನ ಹಂತ 46,675. ಅದೇ 2022ರ ಜುಲೈ 1ಕ್ಕೆ ನಿಮ್ಮ ಹೊಸ ಮೂಲ ವೇತನ.

ಅಲ್ಲಿಂದ ಮುಂದೆ ವರ್ಷಕ್ಕೊಂದು ಇನ್‌ಕ್ರಿಮೆಂಟ್. ನಿಮ್ಮದು ಜುಲೈ ತಿಂಗಳದ್ದು, ಕೆಲವರದು ಜನವರಿ. 2023ರ ಜುಲೈಗೆ 47,800. ಇಲ್ಲಿಂದ ಇನ್‌ಕ್ರಿಮೆಂಟಿನ ಮೊತ್ತ 1,250 ಆಗುತ್ತದೆ. ಹಾಗಾಗಿ 2024ರ ಜುಲೈಗೆ 49,050, 2025ರ ಜುಲೈಗೆ 50,300. ನಿಮ್ಮ ಸ್ಲಿಪ್‌ನಲ್ಲಿರುವುದೂ ಅದೇ. ನಿಮ್ಮ ವೇತನ ನಿಗದಿ ಮಾಡಿದ ಕೇಸ್ ವರ್ಕರ್ ಕೆಲಸ ಅಚ್ಚುಕಟ್ಟಾಗಿ ಮಾಡಿದ್ದಾರೆ.

ಇನ್ನೊಂದು ಮಾತು ಇಲ್ಲೇ ಹೇಳಿಬಿಡುತ್ತೇನೆ, ಏಕೆಂದರೆ ಈ ಗೊಂದಲ ಬಹಳ ಜನರಿಗಿದೆ. ಈ ನಿಗದಿ 2022ರ ಜುಲೈಯಿಂದ ಲೆಕ್ಕಕ್ಕೆ ಮಾತ್ರ, ಅಂದರೆ ಕಾಲ್ಪನಿಕ. ಕೈಗೆ ದುಡ್ಡು ಬಂದದ್ದು 2024ರ ಆಗಸ್ಟ್ 1ರಿಂದ. ನಡುವಿನ ಎರಡು ವರ್ಷ ಒಂದು ತಿಂಗಳಿಗೆ ಹಿಂಬಾಕಿ ಇಲ್ಲ. ಆದರೆ ಆ ಅವಧಿಯಲ್ಲಿ ಬಂದ ಇನ್‌ಕ್ರಿಮೆಂಟುಗಳು ಹೊಸ ದರದಲ್ಲೇ ಎಣಿಕೆಯಾಗಬೇಕು. ಯಾರದಾದರೂ ಸ್ಲಿಪ್‌ನಲ್ಲಿ 2024ರ ಆಗಸ್ಟ್ ಬೇಸಿಕ್ ಒಂದು ಹಂತ ಕಡಿಮೆ ಕಂಡರೆ ಮೊದಲು ನೋಡಬೇಕಾದದ್ದು ಇದನ್ನೇ.

ಹಾಗೆಯೇ, 2023ರ ಏಪ್ರಿಲ್‌ನಿಂದ ಬರುತ್ತಿದ್ದ ಶೇ 17ರ ಮಧ್ಯಂತರ ಪರಿಹಾರ ಎಲ್ಲಿ ಹೋಯಿತು ಎಂದು ಕೇಳುವವರಿದ್ದಾರೆ. ಅದೆಲ್ಲೂ ಹೋಗಿಲ್ಲ, ಪರಿಷ್ಕೃತ ವೇತನದೊಳಗೇ ಕರಗಿದೆ. ನಿಮ್ಮದೇ ಉದಾಹರಣೆ ತೆಗೆದುಕೊಳ್ಳಿ. 2024ರ ಜುಲೈಯಲ್ಲಿ ಹಳೇ ಬೇಸಿಕ್ 30,350, ಶೇ 42.5 ತುಟ್ಟಿಭತ್ಯೆ 12,899, ಮಧ್ಯಂತರ ಪರಿಹಾರ 5,160, ಮನೆ ಬಾಡಿಗೆ 2,428, ವೈದ್ಯಕೀಯ 200, ಒಟ್ಟು 51,037. ಮರುತಿಂಗಳು ಹೊಸ ಬೇಸಿಕ್ 49,050, ಆಗಿನ ಶೇ 8.5 ತುಟ್ಟಿಭತ್ಯೆ 4,169, ಮನೆ ಬಾಡಿಗೆ 3,679, ವೈದ್ಯಕೀಯ 500, ಒಟ್ಟು 57,398. ಶೇ 58.5 ಎಂದು ಪತ್ರಿಕೆಯಲ್ಲಿ ಓದಿದವರು ಸಂಬಳ ಒಂದೂವರೆ ಪಟ್ಟು ಆಯಿತು ಎಂದುಕೊಂಡರು. ನಿಮ್ಮ ಕೈಗೆ ಗ್ರಾಸ್‌ನಲ್ಲಿ ಹೆಚ್ಚಾದದ್ದು 6,361 ರೂ. ಅದು ಕಡಿಮೆ ಹೆಚ್ಚಳವೇನಲ್ಲ, ಆದರೆ ಊರಿನವರು ಅಂದುಕೊಂಡಷ್ಟು ಅಲ್ಲ. ಸರ್ಕಾರಿ ನೌಕರಿ ಎಂದರೆ ಸಾಲ ಕೇಳಲು ಬರುವ ನೆಂಟರಿಗೆ ಈ ಲೆಕ್ಕವನ್ನೇ ತೋರಿಸಿ.

ಬೇಸಿಕ್ ಮೇಲೆ ನಾನು ಇಷ್ಟು ಒತ್ತು ಕೊಡುವುದಕ್ಕೆ ಕಾರಣವಿದೆ. 1997ರ ಆಗಸ್ಟ್‌ನಲ್ಲಿ ಚಿತ್ರದುರ್ಗದಿಂದ ದಾವಣಗೆರೆ ಬೇರೆ ಜಿಲ್ಲೆಯಾದಾಗ ನೌಕರರ ಸೇವಾ ಪುಸ್ತಕಗಳು ಗಂಟು ಗಂಟಾಗಿ ದಾವಣಗೆರೆಗೆ ಬಂದವು. ಹೀಗೆ ಬಂದ ಒಬ್ಬ ಅಟೆಂಡರ್‌ರ ಪುಸ್ತಕದಲ್ಲಿ ಆ ವರ್ಷದ ಇನ್‌ಕ್ರಿಮೆಂಟ್ ನಮೂದೇ ಆಗಿರಲಿಲ್ಲ. ಹಳೇ ಕಚೇರಿಯವರು ಹೊಸಬರು ಬರೆಯುತ್ತಾರೆ ಎಂದುಕೊಂಡರು, ಹೊಸ ಕಚೇರಿಯವರು ಹಳಬರು ಬರೆದಿದ್ದಾರೆ ಎಂದುಕೊಂಡರು. ಮರುವರ್ಷದ ಇನ್‌ಕ್ರಿಮೆಂಟ್ ಆ ತಪ್ಪಿದ ಹಂತದ ಮೇಲೆಯೇ ಬಿತ್ತು. ಆಮೇಲೆ ಬಂದ ಪ್ರತಿ ವೇತನ ಪರಿಷ್ಕರಣೆಯೂ ಆ ಕಡಿಮೆ ಬೇಸಿಕ್ಕನ್ನೇ ಹಿಡಿದು ನಿಗದಿಯಾಯಿತು. ಅವರ ನಿವೃತ್ತಿಗೆ ಎಂಟು ತಿಂಗಳಿದೆ ಎನ್ನುವಾಗ ಪಿಂಚಣಿ ಕಾಗದ ಸಿದ್ಧಪಡಿಸಲು ಆ ಪುಸ್ತಕ ನನ್ನ ಮೇಜಿಗೆ ಬಂತು. ಪುಟ ತಿರುಗಿಸುತ್ತಾ ವರ್ಷ ಎಣಿಸಿದಾಗ ಒಂದು ಬೆರಳು ಉಳಿಯಿತು. ಅಷ್ಟು ವರ್ಷ ಅವರ ತುಟ್ಟಿಭತ್ಯೆ ಕಡಿಮೆ, ಬಾಡಿಗೆ ಭತ್ಯೆ ಕಡಿಮೆ, ಮುಂದೆ ಬರಲಿದ್ದ ಗ್ರಾಚ್ಯುಟಿ, ಪಿಂಚಣಿ ಎಲ್ಲವೂ ಕಡಿಮೆ. ಓಡಾಡಿ ಸರಿಪಡಿಸಿದೆವು. ಆದರೆ ಆ ಮನುಷ್ಯ ಮಕ್ಕಳನ್ನು ಓದಿಸುವ ವರ್ಷಗಳಲ್ಲಿ ಬರಬೇಕಾಗಿದ್ದ ದುಡ್ಡು ಆ ವರ್ಷಗಳಲ್ಲಿ ಬರಲಿಲ್ಲವಲ್ಲ, ಅದು ಇವತ್ತಿಗೂ ನನ್ನ ಮನಸ್ಸಿನಲ್ಲಿ ಉಳಿದಿದೆ. ಅವರು ಒಂದು ದಿನವೂ ತಮ್ಮ ಸೇವಾ ಪುಸ್ತಕ ನೋಡಿರಲಿಲ್ಲ. ಕೇಳಿದರೆ ಸಾಹೇಬರು ಬೇಜಾರು ಮಾಡಿಕೊಂಡಾರು ಎಂಬ ಸಂಕೋಚ.

ನೋಡಿ ತಾಯಿ, ನೀವು ಆ ಸಂಕೋಚ ಇಟ್ಟುಕೊಳ್ಳಬೇಡಿ. ವರ್ಷಕ್ಕೊಮ್ಮೆ ನಿಮ್ಮ ಸೇವಾ ಪುಸ್ತಕ ನೋಡುವುದು ನಿಮ್ಮ ಹಕ್ಕು. ಇನ್‌ಕ್ರಿಮೆಂಟ್ ನಮೂದು, ರಜೆ ಲೆಕ್ಕ, ವೇತನ ನಿಗದಿ ಪತ್ರ, ಇವು ಮೂರೂ ಇವೆಯೇ ನೋಡಿ. ಹತ್ತು ವರ್ಷ ತುಂಬಿದಾಗ ಕಾಲಮಿತಿ ಬಡ್ತಿಯ ಸೌಲಭ್ಯ ಬರುತ್ತದೆ. ಅದರ ಆದೇಶವೂ ಪುಸ್ತಕಕ್ಕೆ ಹತ್ತಬೇಕು.

ಇನ್ನು ತುಟ್ಟಿಭತ್ಯೆ. ಇದು ಬೇಸಿಕ್ ಮೇಲೆ ಮಾತ್ರ, ಬೇರೆ ಭತ್ಯೆಗಳ ಮೇಲೆ ಅಲ್ಲ. 2024ರ ಆಗಸ್ಟ್‌ನಲ್ಲಿ ಶೇ 8.5 ಇದ್ದದ್ದು ಆಮೇಲೆ 10.75 ಆಯಿತು, 2025ರ ಜನವರಿ 1ರಿಂದ 12.25, ಜುಲೈ 1ರಿಂದ 14.25. ಕೇಂದ್ರದವರಿಗೆ ಶೇ 3 ಹೆಚ್ಚಾಯಿತು ಎಂದು ಟಿವಿಯಲ್ಲಿ ಬಂದ ಕೂಡಲೇ ನಮ್ಮವರು ತಮಗೂ 3 ಎಂದು ಲೆಕ್ಕ ಹಾಕಿ ಕೂರುತ್ತಾರೆ. ಹಾಗಲ್ಲ. ಕೇಂದ್ರದ ಒಂದು ಶೇಕಡಾ ನಮ್ಮಲ್ಲಿ 0.722 ಶೇಕಡಾ. ಏಕೆಂದರೆ ನಮ್ಮ ವೇತನ ಶ್ರೇಣಿಯೊಳಗೆ ಬೆಲೆ ಸೂಚ್ಯಂಕದ ಬೇರೆ ಮಟ್ಟದವರೆಗೂ ತುಟ್ಟಿಭತ್ಯೆ ಸೇರಿಹೋಗಿದೆ. ಕೇಂದ್ರದವರು 2022ರ ಜುಲೈಯಲ್ಲಿ ಶೇ 38ರಲ್ಲಿದ್ದರು, 2025ರ ಜುಲೈಗೆ 58 ಆದರು. ಏರಿದ್ದು 20. ಅದನ್ನು 0.722ರಿಂದ ಗುಣಿಸಿದರೆ 14.44. ಅದರಲ್ಲಿ ಕಾಲು ಶೇಕಡಾ ಲೆಕ್ಕಕ್ಕೆ ಕೆಳಗಿಳಿಸಿ ಮಂಜೂರಾದದ್ದು 14.25. ಈ ಒಂದು ಗುಣಾಕಾರ ಗೊತ್ತಿದ್ದರೆ ಮುಂದಿನ ಸಲ ಎಷ್ಟು ಬರಬಹುದು ಎಂದು ನೀವೇ ಅಂದಾಜು ಮಾಡಬಹುದು, ವಾಟ್ಸ್ಆ್ಯಪ್ ಸಂದೇಶ ನಂಬಬೇಕಿಲ್ಲ.

ತುಟ್ಟಿಭತ್ಯೆಯ ಆದೇಶ ಸಾಮಾನ್ಯವಾಗಿ ಜಾರಿಯ ದಿನಾಂಕ ಕಳೆದ ಮೇಲೆಯೇ ಬರುತ್ತದೆ. ನಿಮ್ಮ ಜುಲೈ ಸ್ಲಿಪ್ ತಯಾರಾದಾಗ 14.25ರ ಆದೇಶ ಬಂದಿರಲಿಲ್ಲ. ಹಾಗಾಗಿ ಅದರಲ್ಲಿ 12.25ರ ದರವೇ ಇದೆ: 50,300ಕ್ಕೆ 6,162. ಮನೆ ಬಾಡಿಗೆ ಶೇ 7.5ರಂತೆ 3,773. ನಿಮ್ಮಂಥ ಸಿ ವೃಂದದವರಿಗೆ ವೈದ್ಯಕೀಯ ಭತ್ಯೆ 500. ಬೇಸಿಕ್ ಸೇರಿಸಿ ಕೂಡಿದರೆ 60,735, ಸ್ಲಿಪ್‌ನ ಗ್ರಾಸ್. ಅಕ್ಟೋಬರ್‌ನಲ್ಲಿ ಆದೇಶ ಬಂದ ಮೇಲೆ ಅದೇ ಜುಲೈಗೆ ನಿಮಗೆ ಸಲ್ಲಬೇಕಾದ ತುಟ್ಟಿಭತ್ಯೆ 7,168, ಗ್ರಾಸ್ 61,741. ವ್ಯತ್ಯಾಸ ತಿಂಗಳಿಗೆ 1,006. ಜುಲೈ, ಆಗಸ್ಟ್, ಸೆಪ್ಟೆಂಬರ್ ಮೂರು ತಿಂಗಳಿಗೆ 3,018. ಈ ಬಾಕಿ ನಿಮ್ಮ ಸ್ಲಿಪ್‌ನಲ್ಲಿ ಬಂದಿದೆಯೇ ನೋಡಿಕೊಳ್ಳಿ. ಕ್ಯಾಲ್ಕುಲೇಟರ್ ಹೇಳಿದ 15 ಸಾವಿರಕ್ಕೆ ಕೊರಗುವುದಕ್ಕಿಂತ ಈ ಮೂರು ಸಾವಿರ ಕೇಳಿ ಪಡೆಯುವುದು ಕೆಲಸದ ಮಾತು. ಲೆಕ್ಕದಲ್ಲಿ ಪೈಸೆ ಬಂದರೆ ಐವತ್ತು ಮತ್ತು ಮೇಲಿನದನ್ನು ಪೂರ್ತಿ ರೂಪಾಯಿ ಮಾಡುತ್ತಾರೆ, ಕೆಳಗಿನದನ್ನು ಬಿಡುತ್ತಾರೆ.

ಬೆಂಗಳೂರಿನ ಗೆಳತಿಯ ವಿಷಯ ಸರಳ. ಮನೆ ಬಾಡಿಗೆ ಭತ್ಯೆ ಊರಿನ ಜನಸಂಖ್ಯೆಯ ಮೇಲೆ ಮೂರು ದರ್ಜೆ. 25 ಲಕ್ಷದ ಮೇಲಿನ ಊರಿಗೆ ಶೇ 20, 5ರಿಂದ 25 ಲಕ್ಷಕ್ಕೆ ಶೇ 15, ಉಳಿದೆಡೆ ಶೇ 7.5. ಆಕೆಗೂ ನಿಮಗೂ ಬೇಸಿಕ್ ಒಂದೇ ಆದರೂ ಆಕೆಯ ಬಾಡಿಗೆ ಭತ್ಯೆ 10,060, ನಿಮ್ಮದು 3,773. ಅಲ್ಲೇ 6,287 ವ್ಯತ್ಯಾಸ ಬಂತು. ಮೇಲೆ ಬೆಂಗಳೂರಿನಲ್ಲಿ ನಗರ ಪರಿಹಾರ ಭತ್ಯೆಯೂ ಉಂಟು, ನಮ್ಮ ಕಡೆ ಅದಿಲ್ಲ. ಆಕೆಯನ್ನು ಚಿತ್ರದುರ್ಗಕ್ಕೆ ವರ್ಗ ಮಾಡಿದರೆ ಮರುತಿಂಗಳೇ ಅದು ಇಳಿಯುತ್ತದೆ. ಬೇಸಿಕ್ ಇಳಿಯುವುದಿಲ್ಲ. ಪಿಂಚಣಿ ನಿಧಿಗೆ ಹೋಗುವ ವಂತಿಗೆಯೂ ಬೇಸಿಕ್ ಮತ್ತು ತುಟ್ಟಿಭತ್ಯೆ ಮೇಲೆ ನಿಂತಿದೆಯೇ ಹೊರತು ಬಾಡಿಗೆ ಭತ್ಯೆ ಮೇಲೆ ಅಲ್ಲ. ಆ ದೃಷ್ಟಿಯಲ್ಲಿ ನೀವಿಬ್ಬರೂ ಸಮ. ಬೆಂಗಳೂರಿನ ಮನೆ ಬಾಡಿಗೆ ಕೇಳಿದರೆ ಆಕೆಯ ಹತ್ತು ಸಾವಿರ ಎಷ್ಟು ದಿನ ನಿಂತೀತು ಎಂದು ನಿಮಗೂ ಗೊತ್ತಾಗುತ್ತದೆ.

ನೀವು ಚಿತ್ರದುರ್ಗದಲ್ಲಿ ಇದ್ದು ಚಳ್ಳಕೆರೆಗೆ ಓಡಾಡುವುದರಿಂದ ಈ ಭತ್ಯೆಯಲ್ಲಿ ಏನೂ ಬದಲಾಗುವುದಿಲ್ಲ. ದರ ನಿಲ್ಲುವುದು ಕೆಲಸ ಮಾಡುವ ಊರಿನ ಮೇಲೆ. ನಿಮಗೆ ಎರಡೂ ಊರು ಒಂದೇ ದರ್ಜೆಯವು. ಮುಂದೆ ಸರ್ಕಾರಿ ವಸತಿಗೃಹ ಹಂಚಿಕೆಯಾದರೆ ಮಾತ್ರ ಈ 3,773 ಪೂರ್ತಿ ನಿಲ್ಲುತ್ತದೆ. ಕ್ವಾರ್ಟರ್ಸ್‌ಗೆ ಹೋದ ದಿನಾಂಕವನ್ನು ಕೂಡಲೇ ಬಿಲ್ ಶಾಖೆಗೆ ಬರೆದುಕೊಡಿ. ತಡವಾದರೆ ಹೆಚ್ಚಿಗೆ ಪಡೆದದ್ದನ್ನು ಒಟ್ಟಿಗೆ ವಸೂಲಿ ಮಾಡುತ್ತಾರೆ, ಆ ತಿಂಗಳ ಸಂಬಳ ನೋಡಿ ಗಾಬರಿಯಾಗುತ್ತದೆ.

ಗ್ರಾಸ್ ಮತ್ತು ಕೈಗೆ ಬರುವ ನಿವ್ವಳದ ಬಗ್ಗೆ ನಿಮ್ಮ ಊರಿನದೇ ಮಾತಿನಲ್ಲಿ ಹೇಳುತ್ತೇನೆ. ಚಳ್ಳಕೆರೆ ಶೇಂಗಾ ಮತ್ತು ಎಣ್ಣೆ ಮಿಲ್ಲುಗಳ ಊರು. ಸಿಪ್ಪೆ ಸಮೇತ ಕಾಯಿ ತೂಗಿದ್ದು ಗ್ರಾಸ್, ಒಡೆದು ತೆಗೆದ ಬೀಜ ನಿವ್ವಳ. ಆದರೆ ಇಲ್ಲಿ ಸಿಪ್ಪೆ ಎಸೆಯುವಂಥದ್ದಲ್ಲ. 2006ರ ಏಪ್ರಿಲ್ 1ರ ನಂತರ ಸೇರಿದವರಾದ್ದರಿಂದ ನಿಮಗೆ ಎನ್‌ಪಿಎಸ್, ಅಂದರೆ ವಂತಿಗೆ ಕಟ್ಟುವ ರಾಷ್ಟ್ರೀಯ ಪಿಂಚಣಿ ವ್ಯವಸ್ಥೆ. ಬೇಸಿಕ್ ಮತ್ತು ತುಟ್ಟಿಭತ್ಯೆಯ ಶೇ 10, ಅಂದರೆ ಜುಲೈಯಲ್ಲಿ 56,462ಕ್ಕೆ 5,646 ಕಡಿತವಾಗಿ ನಿಮ್ಮ ಖಾತೆಗೇ ಹೋಯಿತು. ಸರ್ಕಾರ ತನ್ನ ಪಾಲಿನ ಶೇ 14, ಅಂದರೆ 7,905 ಹಾಕಿತು. ಸರ್ಕಾರದ ಈ ಪಾಲು ನಿಮ್ಮ 60,735ರೊಳಗೆ ಇಲ್ಲ. ಕೆಜಿಐಡಿ (ರಾಜ್ಯ ಸರ್ಕಾರಿ ವಿಮಾ ಇಲಾಖೆ) ಪ್ರೀಮಿಯಂ, ಗುಂಪು ವಿಮೆ, ಆರೋಗ್ಯ ಸಂಜೀವಿನಿ ಯೋಜನೆಯ ವಂತಿಗೆ, ಇವೂ ನಿಮ್ಮ ರಕ್ಷಣೆಗೆ ಹೋಗುವ ಹಣ. ತಿರುಗಿ ಬಾರದ್ದು ವೃತ್ತಿ ತೆರಿಗೆ 200 ಮಾತ್ರ. ಅದೂ ಫೆಬ್ರುವರಿಯಲ್ಲಿ 300 ಕಡಿತವಾಗುತ್ತದೆ, 2025ರ ತಿದ್ದುಪಡಿಯಿಂದ ಹಾಗೆ. ಆ ತಿಂಗಳು ನೂರು ರೂಪಾಯಿ ಯಾಕೆ ಹೆಚ್ಚು ಹೋಯಿತು ಎಂದು ಕೇಸ್ ವರ್ಕರ್ ಜೊತೆ ಜಗಳ ಮಾಡಬೇಡಿ.

ಆದಾಯ ತೆರಿಗೆಯ ಚಿಂತೆಯೂ ಈಗ ಬೇಡ. ನಿಮ್ಮ ಗ್ರಾಸ್ ವರ್ಷಕ್ಕೆ ಏಳೂವರೆ ಲಕ್ಷದ ಒಳಗಿದೆ. 2025-26ರಲ್ಲಿ ಹೊಸ ಪದ್ಧತಿಯಲ್ಲಿ 75,000 ಪ್ರಮಾಣಿತ ಕಡಿತ ಕಳೆದು ತೆರಿಗೆಗೆ ಒಳಪಡುವ ಆದಾಯ 12 ಲಕ್ಷದ ಒಳಗಿದ್ದರೆ ರಿಯಾಯಿತಿಯಿಂದ ತೆರಿಗೆ ಸೊನ್ನೆ. ಎನ್‌ಪಿಎಸ್‌ಗೆ ಸರ್ಕಾರ ಹಾಕುವ ಶೇ 14 ಫಾರಂ 16ರಲ್ಲಿ ಆದಾಯದ ಕಡೆ ಕಾಣುತ್ತದೆ, ಆಮೇಲೆ ಕಡಿತದಲ್ಲಿ ಹೋಗುತ್ತದೆ. ಅಲ್ಲಿ ಸ್ಲಿಪ್‌ಗಿಂತ ದೊಡ್ಡ ಅಂಕಿ ಕಂಡರೆ ಅದೇ ಕಾರಣ. ಹೊಸ ಪದ್ಧತಿಯಲ್ಲಿ ಮನೆ ಬಾಡಿಗೆ ಭತ್ಯೆಗೆ ವಿನಾಯಿತಿ ಇಲ್ಲದ್ದರಿಂದ ಬಾಡಿಗೆ ರಸೀದಿ ಕೂಡಿಡುವ ಕೆಲಸವೂ ನಿಮಗಿಲ್ಲ.

ಬ್ಯಾಂಕಿನ ಪ್ರಶ್ನೆಗೆ ಬರುತ್ತೇನೆ. ಅವರಿಗೆ ಹೇಳಬೇಕಾದ ಗ್ರಾಸ್ 61,741, ಅಂದರೆ 2025ರ ಜುಲೈಯಿಂದ ಮಂಜೂರಾದ ಶೇ 14.25ರ ದರದಲ್ಲಿ ನಿಮ್ಮ ತಿಂಗಳ ಸಹಜ ಗ್ರಾಸ್. ಬಾಯಿಮಾತಿಗೆ ಬ್ಯಾಂಕಿನವರು ಒಪ್ಪುವುದಿಲ್ಲ. ಸಂಬಳದ ಬಿಲ್ಲಿಗೆ ಸಹಿ ಹಾಕುವ ನಿಮ್ಮ ಬಟವಾಡೆ ಅಧಿಕಾರಿಯ ಸಹಿಯ ವೇತನ ಪ್ರಮಾಣಪತ್ರ ಪಡೆಯಿರಿ. ಅದರಲ್ಲಿ ಬೇಸಿಕ್, ತುಟ್ಟಿಭತ್ಯೆ, ಬಾಡಿಗೆ ಭತ್ಯೆ, ವೈದ್ಯಕೀಯ ಬೇರೆ ಬೇರೆ ಸಾಲಿನಲ್ಲಿ ಬರಲಿ, ಕಡಿತಗಳೂ ಹಾಗೆಯೇ ಬರಲಿ. ಜೊತೆಗೆ ಸ್ಲಿಪ್ ಕೇಳಿದರೆ ಬಾಕಿ ಪಾವತಿಯಾದ ತಿಂಗಳನ್ನು ಬಿಟ್ಟು ಅದರ ನಂತರದ ತಿಂಗಳುಗಳನ್ನು ಕೊಡಿ. ಬಾಕಿಯ ತಿಂಗಳಲ್ಲಿ ಗ್ರಾಸ್ 3,018ರಷ್ಟು ಉಬ್ಬಿರುತ್ತದೆ. ಅದನ್ನೇ ಹಿಡಿದು ಕಂತು ಹೆಚ್ಚು ಹಾಕಿಸಿಕೊಂಡರೆ ಮರುತಿಂಗಳಿಂದ ತೊಂದರೆ ನಿಮಗೇ. ಕಂತನ್ನು ಮಾತ್ರ ಗ್ರಾಸ್ ನೋಡಿ ತೀರ್ಮಾನಿಸಬೇಡಿ. ಎನ್‌ಪಿಎಸ್, ಕೆಜಿಐಡಿ, ಸೊಸೈಟಿ ಸಾಲ ಏನಾದರೂ ಇದ್ದರೆ ಅದು, ಎಲ್ಲ ಕಳೆದು ಉಳಿದ ನಿವ್ವಳದಿಂದ ಚಿತ್ರದುರ್ಗದ ಮನೆ ಬಾಡಿಗೆಯನ್ನೂ ಬಸ್ ಪಾಸನ್ನೂ ತೆಗೆದಿಟ್ಟು, ಮಿಕ್ಕಿದ್ದರಲ್ಲಿ ಎಷ್ಟು ಕಟ್ಟಬಹುದು ಎಂದು ಮನೆಯವರ ಜೊತೆ ಕೂತು ಬರೆದುಕೊಂಡು ಹೋಗಿ. ವೇತನ ಪ್ರಮಾಣಪತ್ರಕ್ಕೆ ಅರ್ಜಿ ಕೊಡುವ ದಿನವೇ ಸೇವಾ ಪುಸ್ತಕವನ್ನೂ ಒಮ್ಮೆ ನೋಡಲು ಕೇಳಿ. 2022, 2023, 2024, 2025, ನಾಲ್ಕೂ ಜುಲೈಗಳ ನಮೂದು ಇದೆಯೇ ಎಂದು ಬೆರಳಿಟ್ಟು ಎಣಿಸಿ ಬನ್ನಿ.